ಭಾರ ಕೂತ ಮೇಲೆ

ಗ್ಯುಮ್ರಿಯ ಬೀದಿಗಳಲ್ಲಿ ಗುಂಡಿಯಿಲ್ಲದ ಜಾಗವೆಂದರೆ
ಗುಂಡಿಗಳು ಮರೆತು ಬಿಟ್ಟುಹೋದದ್ದು.
ಬೆಳಗಿನ ಐದಕ್ಕೆ, ಕರಿಕಲ್ಲಿನ ಮನೆಗಳು ಕಣ್ಣು ಬಿಡುವ ಮೊದಲೇ
ನನ್ನ ಮುದಿ ಓಪೆಲ್ಲಿನಲ್ಲಿ ನೂರಿಪ್ಪತ್ತು ಬ್ರೆಡ್ಡು,
ಅದರ ಬಿಸಿಗೆ ಬೆವೆತ ಗಾಜು,
ಎಡಪಾದದ ಕೆಳಗೆಲ್ಲೋ ಒಂದು ಸದ್ದು:
ಕಟಕ್.
ಬ್ರೇಕು ಒತ್ತಿದರೆ ಒಮ್ಮೆ, ಬಿಟ್ಟರೆ ಇನ್ನೊಮ್ಮೆ.
ಬಾಗಿಲಾಚೆ ನಿಂತು, ಬರಲೋ ಬೇಡವೋ ಎನ್ನುವವರ ಹಾಗೆ.

ಮಾರ್ಕೆಟ್ಟಿನ ಹಿಂದಿನವನು ಶಾಕ್ ಅಬ್ಸಾರ್ಬರ್ ಅಂದ.
ಎರಡೂ ಬದಲಿಸಿದ, ನಲವತ್ತು ಸಾವಿರ ದ್ರಾಮ್ ಎಣಿಸಿಕೊಂಡ.
ಎತ್ತಿಗೆ ಜ್ವರ, ಎಮ್ಮೆಗೆ ಬರೆ.
ಮಾರನೆಯ ದಿನವೂ ಅದೇ ಕಟಕ್,
ಸ್ಟಿಯರಿಂಗು ಎಡಕ್ಕೆ ವಾಲುವುದು ನಿಲ್ಲಲಿಲ್ಲ,
ಟೈರಿನ ಒಳಅಂಚು ಸವೆದು ತಂತಿ ಹಲ್ಲು ಕಿರಿಯಿತು.

ಅರ್ಶಾವಿರ್ ಬಾನೆಟ್ಟು ತೆಗೆಯಲೂ ಹೇಳಲಿಲ್ಲ.
"ನಡೆಸು," ಅಂದ, "ಆಮೆ ಹಾಗೆ."
ನಾನು ನಡೆಸಿದೆ. ಪಕ್ಕದಲ್ಲೇ ಅವನು,
ಟೋಪಿ ತೆಗೆದು, ಸೊಂಟ ಬಗ್ಗಿಸಿ,
ಪಿಸುಮಾತಿಗೆ ಬಾಗಿದ ಕಿವುಡಜ್ಜನ ಹಾಗೆ
ಚಕ್ರಕ್ಕೆ ಕಿವಿ ಕೊಟ್ಟು ನಡೆದ.

ಆಮೇಲೆ ಗುಂಡಿಗಿಳಿದು
ಕೆಳಗಿನ ತೋಳಿನ ಸಂದಿಗೆ ಹಾರೆ ತೂರಿಸಿ ಮೀಟಿದ.
ಕಬ್ಬಿಣ ಬೆರಳಗಲ ಸರಿಯಿತು.
ಸರಿಯಬಾರದಿತ್ತು.
ಟಾರ್ಚಿನ ಬೆಳಕಲ್ಲಿ ತೋರಿಸಿದ:
ಕಬ್ಬಿಣಕ್ಕೂ ಕಬ್ಬಿಣಕ್ಕೂ ನಡುವೆ ರಬ್ಬರಿನ ಬುಷ್ಷು,
ಮುಷ್ಟಿಯಷ್ಟು,
ಚಳಿಗಾಲದ ಹಿಮ್ಮಡಿಯಂತೆ ಬಿರಿದು.
"ಸೈಲೆಂಟ್ ಬ್ಲಾಕ್ ಅಂತಾರೆ ಇದನ್ನ," ಅಂದ ಮ್ಹೇರ್,
ಹದಿನಾಲ್ಕರ ಹುಡುಗ, ಕೆಲಸ ಕಲಿಯುತ್ತಿದ್ದವನು,
"ಸತ್ತ ಮೇಲೇ ಮಾತಾಡೋದು."
ಬಲಗಡೆಯದೂ ಹೋಗಬೇಕು, ಅಂದ ಅರ್ಶಾವಿರ್.
ಅದಿನ್ನೂ ಬಾಯಿ ಬಿಟ್ಟಿಲ್ಲ, ಅಷ್ಟೇ.

ತುಕ್ಕು ಹಿಡಿದ ಬೋಲ್ಟಿಗೆ ಬೆಂಕಿ ತೋರಿಸಿ, ಬೈದು,
ನಡುವೆ ಎರಡು ಸಲ ಚಹಾ ಕುಡಿದು
ತೋಳೆರಡನ್ನೂ ಬಿಚ್ಚಿದ್ದಾಯಿತು.
ಹಳೆ ಬುಷ್ಷು ಕೀಳಲು ಪ್ರೆಸ್ಸು ಬೇಕು,
ಪ್ರೆಸ್ಸು ಇರುವುದು ತಗಡಿನ ಗೋಡೆಯಾಚೆ, ತಮ್ಮ ತಾತುಲನ ಶೆಡ್ಡಿನಲ್ಲಿ.
ಹನ್ನೊಂದು ವರ್ಷದಿಂದ ಇಬ್ಬರಿಗೂ ಮಾತಿಲ್ಲ.
ಕಾರಣ ಒಬ್ಬನಿಗೆ ಈ ಗೋಡೆ,
ಇನ್ನೊಬ್ಬನಿಗೆ ತಾಯಿಯ ಹೊಲಿಗೆ ಯಂತ್ರ.

"ಆ ಕತ್ತೆಗೆ ಹೇಳು, ಮೊನ್ನೆಯ ಹಾಗೆ ಓರೆ ಒತ್ತಿದರೆ
ಪ್ರೆಸ್ಸನ್ನೇ ಅವನ ತಲೆ ಮೇಲೆ ಇಳಿಸ್ತೀನಿ."
ಮ್ಹೇರ್ ತೋಳೆರಡನ್ನು ಹೆಗಲಿಗಿಟ್ಟು ಗೋಡೆ ಸುತ್ತಿ ಹೋದ.
"ನೇರ ಕೂರಬೇಕಂತೆ ತಾತುಲ್ ಮಾಮ, ನಿಮ್ಮ ಕೈಯೇ ಆಗಬೇಕಂತೆ."
"ಎಣ್ಣೆ ಹಚ್ಚಿ ರಬ್ಬರು ಕೊಲ್ಲುವವನು ನನಗೆ ಕಲಿಸ್ತಾನೇನು?"
ಹುಡುಗ ವಾಪಸು ಬಂದ:
"ಸೋಪಿನ ನೀರು ಸಾಕಂತೆ. ಅರ್ಧ ಗಂಟೆಯಂತೆ."

ತಗಡು ತೆಳು.
ಒಬ್ಬ ಕೆಮ್ಮಿದರೆ ಇನ್ನೊಬ್ಬನ ಚಹಾ ತುಳುಕೀತು.
ಮೊದಲ ಮಾತೂ ಕೇಳಿಸಿಯೇ ಇರುತ್ತದೆ ಇಬ್ಬರಿಗೂ.
ಆದರೂ ಹುಡುಗ ಬರುವ ತನಕ ಕಾಯುತ್ತಾರೆ,
ಅವನು ಹೇಳಿದ್ದಕ್ಕೇ ತಲೆಯಾಡಿಸುತ್ತಾರೆ.

ಹೊಸ ಬುಷ್ಷು ನೆಟ್ಟಗೆ ಕೂತು ಬಂತು.
ಅರ್ಶಾವಿರ್ ಬೆರಳಾಡಿಸಿ ನೋಡಿದ, ತಪ್ಪು ಸಿಗಲಿಲ್ಲ,
ಬೇಜಾರಾದವನಂತೆ ಬೋಲ್ಟು ತೂರಿಸಿದ.
ಬಿಗಿಸಲಿಲ್ಲ.
ಚಕ್ರ ನೇತಾಡುವಾಗ ಬಿಗಿದರೆ
ನೆಲ ಮುಟ್ಟಿದ ಗಳಿಗೆಗೇ ರಬ್ಬರು ತಿರುಚಿಕೊಳ್ಳುತ್ತದೆ,
ಆಮೇಲೆ ಹರಿಯುವುದೊಂದೇ ಅದರ ಕೆಲಸ.
ಜಾಕು ಇಳಿಸಿದ. ಟ್ರೇಗಳನ್ನು ತುಂಬಿಸಿದ.
"ನೀನೂ ಕೂತ್ಕೋ," ಅಂದ ನನಗೆ.
ಕಾರು ಉಸ್ಸೆಂದು ತನ್ನ ಎತ್ತರಕ್ಕೆ ಕುಸಿಯಿತು.
ಆಗ ಕೆಳಗಿಂದ ಸ್ಪ್ಯಾನರಿನ ನಾಲ್ಕು ಎಳೆತ,
ಒಂದೊಂದೂ ನನ್ನ ಅಂಗಾಲಿಗೆ ತಾಕಿತು.

ಬೆಳಿಗ್ಗೆ ಐದಕ್ಕೆ ಅದೇ ಬೀದಿ, ಅದೇ ಗುಂಡಿ.
ಹಿಂದೆ ಟ್ರೇಯೊಂದು ಕಿಣಿಕಿಣಿ ಅನ್ನುತ್ತಿತ್ತು,
ಎಷ್ಟು ದಿನದಿಂದಲೋ.

ದಾರಿಯಲ್ಲಿ ನಿಲ್ಲಿಸಿ ಮ್ಹೇರ್ ಕೈಗೆ ಎರಡು ಬ್ರೆಡ್ಡು ಕೊಟ್ಟೆ.
ಒಂದನ್ನು ಬೆಂಚಿನ ಮೇಲಿಟ್ಟ,
ಇನ್ನೊಂದನ್ನು ಅಂಗಿಯೊಳಗೆ ಬೆಚ್ಚಗೆ ಹಿಡಿದು
ಗೋಡೆ ಸುತ್ತಿ ಆಚೆ ಹೋದ.
ಯಾರು ಕಳಿಸಿದ್ದೆಂದು ಹೇಳಿದನೋ,
ಇಂಜಿನ್ನು ಓಡುತ್ತಿತ್ತು,
ನಾನು ಆರಿಸಲಿಲ್ಲ.